ಪುಣೆಯ ಕೊತವಾಲ, ಮುಂಬಯಿಯ ಫೌಜದಾರ ಮತ್ತು ಕೆಲವು ಪದಕಗಳು

(ನಮ್ಮ ಕನ್ನಡ ಕಾರ್ಯಕ್ರಮದಲ್ಲಿ ಪ್ರಸಾರವಾದ ಭಾಷಣದ ಪಾಠ)



ಹಡಪಸರದಿಂದ ಒಬ್ಬ ಕೇಳುಗರು ಪತ್ರ ಬರೆದಿದ್ದಾರೆ. ರಾತ್ರಿ ಪಾಳಿ ಮುಗಿಸಿ ಬಂದ ಮೇಲೆ ನಿದ್ದೆ ಬರುವ ತನಕ ಇಂಗ್ಲೆಂಡಿನ ಪೊಲೀಸ್ ಧಾರಾವಾಹಿಗಳನ್ನು ನೋಡುತ್ತಾರಂತೆ. "ಅಲ್ಲಿ ಪೊಲೀಸ್ ಕಥೆಗೆ ದೊಡ್ಡ ದೊಡ್ಡ ಪ್ರಶಸ್ತಿ ಕೊಡುತ್ತಾರೆ, ನಮ್ಮಲ್ಲಿ ಪೊಲೀಸ್ ಕಥೆ ಅಂದರೆ ಸೀಟಿ ಹೊಡೆಯುವುದಕ್ಕೆ ಮಾತ್ರ, ಯಾಕೆ ಹೀಗೆ?" ಎಂದು ಕೇಳಿದ್ದಾರೆ. ಪ್ರಶ್ನೆ ಚೆನ್ನಾಗಿದೆ. ಅದಕ್ಕೆ ಉತ್ತರ ಹುಡುಕುತ್ತ ಹೋದರೆ ನಾವು ಲಂಡನ್ನಿಗೆ ಹೋಗಿ, ಅಲ್ಲಿಂದ ವಾಪಸು ನಮ್ಮ ಲಾ ಕಾಲೇಜು ರಸ್ತೆಗೇ ಬಂದು ನಿಲ್ಲುತ್ತೇವೆ. ಹೇಗೆ ಅಂತ ಹೇಳುತ್ತೇನೆ, ಸ್ವಲ್ಪ ಸಮಾಧಾನದಿಂದ ಕೇಳಿ.

ಮೊದಲು ಅವರ ಕಥೆ. 1955ರಲ್ಲಿ ಬಿಬಿಸಿ 'ಡಿಕ್ಸನ್ ಆಫ್ ಡಾಕ್ ಗ್ರೀನ್' ಎಂಬ ಧಾರಾವಾಹಿ ಶುರು ಮಾಡಿತು. ಬೀಟ್ ಮೇಲೆ ನಡೆಯುವ, ಎಲ್ಲರಿಗೂ ಒಳ್ಳೆಯದನ್ನೇ ಬಯಸುವ ಒಬ್ಬ ಪೇದೆ ಅದರ ನಾಯಕ. ನಮ್ಮ ಮನೆಯ ಹಿರಿಯರ ಹಾಗೆ. 1976ರ ತನಕ ಓಡಿತು. ಈ ನಡುವೆ 1962ರಲ್ಲಿ ಅದೇ ಬಿಬಿಸಿಯಲ್ಲಿ 'ಝಡ್ ಕಾರ್ಸ್' ಬಂತು. ಅದರ ಮೊದಲನೇ ಕಂತಿನಲ್ಲೇ ಒಬ್ಬ ಪೊಲೀಸನ ಹೆಂಡತಿಯ ಕಣ್ಣು ಕಪ್ಪಗೆ ಬಾತುಕೊಂಡಿದೆ. ಹೊಡೆದವನು ಗಂಡನೇ. ಕಥೆ ನಡೆಯುವ ಕಡೆಯ ಜಿಲ್ಲೆಯ ಪೊಲೀಸ್ ಮುಖ್ಯಸ್ಥರು ಸಿಟ್ಟಾಗಿ ಬಿಬಿಸಿಗೆ ದೂರು ಕೊಟ್ಟರು. ಧಾರಾವಾಹಿ ಮಾತ್ರ ನಿಲ್ಲಲಿಲ್ಲ. ಜನಕ್ಕೆ ಗೊತ್ತಾಗಿಹೋಗಿತ್ತು, ಪೊಲೀಸನಿಗೂ ಮನೆ ಇರುತ್ತದೆ, ಆ ಮನೆಯಲ್ಲಿ ನಡೆಯುವುದೆಲ್ಲ ಒಳ್ಳೆಯದೇ ಇರುವುದಿಲ್ಲ ಎಂದು.

ಅಲ್ಲಿಂದ ಮುಂದೆ ಅವರಿಗೆ ಪ್ರಶಸ್ತಿ ತಂದುಕೊಟ್ಟ ಪೊಲೀಸ್ ಕಥೆಗಳನ್ನು ನೋಡಿ. 1991ರಲ್ಲಿ ಐಟಿವಿಯಲ್ಲಿ ಲಿಂಡಾ ಲಾ ಪ್ಲಾಂಟ್ ಬರೆದ 'ಪ್ರೈಮ್ ಸಸ್ಪೆಕ್ಟ್' ಬಂತು. ಹೆಲೆನ್ ಮಿರೆನ್ ಅದರಲ್ಲಿ ಜೇನ್ ಟೆನಿಸನ್ ಎಂಬ ಅಧಿಕಾರಿ. ಒಬ್ಬ ಗಂಡಸು ಅಧಿಕಾರಿ ಹೃದಯಾಘಾತದಿಂದ ಸತ್ತ ಮೇಲೆ ಅವನ ಕೇಸು ಇವಳ ಕೈಗೆ ಬರುತ್ತದೆ. ಕೊಲೆಗಾರನನ್ನು ಹಿಡಿಯುವುದಕ್ಕಿಂತ ತನ್ನ ಠಾಣೆಯ ಗಂಡಸರನ್ನು ದಾರಿಗೆ ತರುವುದೇ ಅವಳಿಗೆ ದೊಡ್ಡ ಕೆಲಸ. ಅದು ಬಾಫ್ಟಾದ ಶ್ರೇಷ್ಠ ಧಾರಾವಾಹಿ ಪ್ರಶಸ್ತಿ ಗೆದ್ದಿತು, ಮಿರೆನ್‌ಗೆ 1992, 1993, 1994 ಹೀಗೆ ಸಾಲಾಗಿ ಮೂರು ವರ್ಷ ಶ್ರೇಷ್ಠ ನಟಿ ಪ್ರಶಸ್ತಿ ಬಂತು. ಅಮೆರಿಕದವರೂ 1993 ಮತ್ತು 1994ರಲ್ಲಿ ಅದರ ಮುಂದಿನ ಭಾಗಗಳಿಗೆ ಎಮ್ಮಿ ಕೊಟ್ಟರು. ಆಮೇಲೆ 2014ರಲ್ಲಿ ಬಂದ 'ಹ್ಯಾಪಿ ವ್ಯಾಲಿ'. ಸ್ಯಾಲಿ ವೇನ್‌ರೈಟ್ ಬರೆದದ್ದು. ಯಾರ್ಕ್‌ಷೈರ್ ಕಡೆಯ ಸಣ್ಣ ಊರಿನಲ್ಲಿ ಮಗಳನ್ನು ಕಳೆದುಕೊಂಡ, ಮೊಮ್ಮಗನನ್ನು ಸಾಕುತ್ತಿರುವ ಒಬ್ಬ ಸಾರ್ಜೆಂಟ್ ಹೆಂಗಸಿನ ಕಥೆ. 2015ರಲ್ಲಿ ಒಮ್ಮೆ, 2017ರಲ್ಲಿ ಮತ್ತೊಮ್ಮೆ ಬಾಫ್ಟಾದ ಶ್ರೇಷ್ಠ ಧಾರಾವಾಹಿ. ಆ ಪಾತ್ರ ಮಾಡಿದ ಸಾರಾ ಲ್ಯಾಂಕಾಷೈರ್‌ಗೆ 2017ರಲ್ಲೂ 2024ರಲ್ಲೂ ಶ್ರೇಷ್ಠ ನಟಿ.

ನೋಡಿದಿರಾ, ಇವರಲ್ಲಿ ಯಾರೂ ಒಬ್ಬಂಟಿಯಾಗಿ ಹತ್ತು ಜನರನ್ನು ಹೊಡೆದು ಉರುಳಿಸುವವರಲ್ಲ. ಇವರೆಲ್ಲ ಸೋತು ಸುಣ್ಣವಾದ ಪೊಲೀಸರು.

ಈಗ ನಮ್ಮ ಊರಿಗೆ ಬರೋಣ. ಶನಿವಾರ ವಾಡಾದ ಹತ್ತಿರ ನಾನಾ ವಾಡಾ ಇದೆಯಲ್ಲ, ನೀವು ಬುಧವಾರ ಪೇಠದ ಕಡೆ ಹೋಗುವಾಗ ನೋಡಿರುತ್ತೀರಿ. ಪೇಶ್ವೆಯರ ಕಾರಭಾರಿ ನಾನಾ ಫಡಣವೀಸರ ಮನೆ ಅದು. ಅವರ ಕಾಲದಲ್ಲಿ, 1777ರಲ್ಲಿ, ಉತ್ತರದಿಂದ ಬಂದಿದ್ದ ಘಾಶೀರಾಮ ಎಂಬ ಬ್ರಾಹ್ಮಣ ಪುಣೆಯ ಕೊತವಾಲನಾದ. ಕೊತವಾಲ ಎಂದರೆ ಇಂದಿನ ಪೊಲೀಸ್ ಕಮಿಷನರ್ ಎಂದುಕೊಳ್ಳಿ. ಹದಿನಾಲ್ಕು ವರ್ಷ ಅವನ ದರ್ಬಾರು ನಡೆಯಿತು. 1791ರಲ್ಲಿ ದಕ್ಷಿಣೆಗಾಗಿ ದಕ್ಷಿಣದ ಕಡೆಯಿಂದ ಬಂದಿದ್ದ ಬ್ರಾಹ್ಮಣರ ಗುಂಪೊಂದನ್ನು ಅವನ ಜನ ಹಿಡಿದು ಗಾಳಿ ಆಡದ ಕೋಣೆಯಲ್ಲಿ ತುಂಬಿದರು. ಬೆಳಗಾಗುವುದರೊಳಗೆ ಅವರಲ್ಲಿ ಬಹಳ ಜನ ಉಸಿರುಗಟ್ಟಿ ಸತ್ತಿದ್ದರು. ಊರು ರೊಚ್ಚಿಗೆದ್ದಿತು. ಕೊತವಾಲನನ್ನು ಜನರ ಕೈಗೆ ಕೊಟ್ಟರು, ಜನ ಕಲ್ಲು ಹೊಡೆದು ಕೊಂದರು.

ಪೊಲೀಸ್ ಕಸ್ಟಡಿಯಲ್ಲಿ ಸಾವು ಎಂದು ನಾವು ಇಂದು ಪತ್ರಿಕೆಯಲ್ಲಿ ಓದುತ್ತೇವಲ್ಲ, ಈ ಊರಿನ ಹಳೆಯ ಕಸ್ಟಡಿ ಸಾವಿನ ಕಥೆ ಇದು.

ಈ ಕಥೆಯನ್ನು ವಿಜಯ ತೆಂಡೂಲ್ಕರರು ನಾಟಕ ಮಾಡಿದರು. 'ಘಾಶೀರಾಮ ಕೊತವಾಲ'. 1972ರ ಡಿಸೆಂಬರ್ 16ರಂದು ಪುಣೆಯ ಭರತ ನಾಟ್ಯ ಮಂದಿರದಲ್ಲಿ ಪ್ರೊಗ್ರೆಸಿವ್ ಡ್ರಾಮ್ಯಾಟಿಕ್ ಅಸೋಸಿಯೇಶನ್ ಮೊದಲ ಪ್ರಯೋಗ ಮಾಡಿತು. ನಿರ್ದೇಶನ ಡಾ. ಜಬ್ಬಾರ್ ಪಟೇಲ್, ನಾನಾನ ಪಾತ್ರದಲ್ಲಿ ಡಾ. ಮೋಹನ್ ಆಗಾಶೆ, ಸಂಗೀತ ಭಾಸ್ಕರ ಚಂದಾವರಕರ್. ಹೌದು, ನಮ್ಮ 'ವಂಶವೃಕ್ಷ' ಸಿನಿಮಾಕ್ಕೆ, 'ಒಂದಾನೊಂದು ಕಾಲದಲ್ಲಿ' ಸಿನಿಮಾಕ್ಕೆ ಸಂಗೀತ ಕೊಟ್ಟವರೇ. ಹನ್ನೆರಡು ಜನ ಬ್ರಾಹ್ಮಣರು ಸಾಲಾಗಿ ನಿಂತು ಮನುಷ್ಯರ ಪರದೆಯೇ ಆಗಿಬಿಡುವ ಆ ಮೊದಲ ದೃಶ್ಯ ನೋಡಿದವರು ಮರೆಯುವುದಿಲ್ಲ.

ತೆಂಡೂಲ್ಕರರು ಇತಿಹಾಸವನ್ನು ಹಾಗೇ ಎತ್ತಿ ಇಟ್ಟವರಲ್ಲ. ಅವರ ಘಾಶೀರಾಮ ಈ ಊರಿಗೆ ಬಂದು ಅವಮಾನ ತಿನ್ನುತ್ತಾನೆ, ಕಳ್ಳತನದ ಸುಳ್ಳು ಆರೋಪ ಹೊರುತ್ತಾನೆ. ಸೇಡು ತೀರಿಸಿಕೊಳ್ಳಲು ತನ್ನ ಮಗಳನ್ನು ನಾನಾನಿಗೆ ಒಪ್ಪಿಸಿ ಬದಲಿಗೆ ಕೊತವಾಲಿಕೆ ಪಡೆಯುತ್ತಾನೆ. ಅವನಿಗೆ ಅಧಿಕಾರ ಕೊಟ್ಟವನು ನಾನಾ, ಬೇಡವಾದಾಗ ಅವನನ್ನು ಜನರ ಕೈಗೆ ಕೊಡುವ ಕಾಗದಕ್ಕೆ ಸಹಿ ಹಾಕುವವನೂ ನಾನಾ. ಘಾಶೀರಾಮ ಸಾಯುತ್ತಾನೆ, ನಾನಾ ಉಳಿಯುತ್ತಾನೆ. ಪೊಲೀಸ್ ಕಥೆಯ ಒಳಗುಟ್ಟೇ ಇದು ಎಂದು ನನಗನಿಸುತ್ತದೆ. ಲಾಠಿ ಬೀಸುವ ಕೈ ಕಾಣುತ್ತದೆ, ಲಾಠಿ ಕೊಟ್ಟ ಕೈ ಕಾಣುವುದಿಲ್ಲ.

ನಾಟಕಕ್ಕೆ ಈ ಊರು ಹಾರ ಹಾಕಲಿಲ್ಲ. ಬ್ರಾಹ್ಮಣರಿಗೆ ಅವಮಾನ, ನಾನಾ ಫಡಣವೀಸರಿಗೆ ಅವಮಾನ ಎಂದು ಗದ್ದಲವಾಯಿತು. ಹತ್ತೊಂಬತ್ತು ಪ್ರಯೋಗಗಳಾದ ಮೇಲೆ ಸಂಸ್ಥೆಯೇ ನಾಟಕ ನಿಲ್ಲಿಸಿತು. ಹುಡುಗರು ಹೊರಗೆ ಬಂದು 1973ರಲ್ಲಿ ಥಿಯೇಟರ್ ಅಕಾಡೆಮಿ ಕಟ್ಟಿ ಮತ್ತೆ ಆಡಿದರು. 1980ರಲ್ಲಿ ಯೂರೋಪಿಗೆ ಹೊರಟಾಗ ಶಿವಸೇನೆ ವಿರೋಧಿಸಿತು, ವಿಷಯ ಕೋರ್ಟಿನ ಮೆಟ್ಟಿಲೂ ಏರಿತು, ಆದರೂ ಹೋಗಿ ಆಡಿ ಬಂದರು. ಹೊರದೇಶದಲ್ಲಿ ಚಪ್ಪಾಳೆ ತಟ್ಟಿಸಿಕೊಂಡ ಮೇಲೆ ನಮ್ಮ ಮನೆಯ ಹುಡುಗ ನಮಗೆ ಚೆನ್ನಾಗಿ ಕಾಣುವುದು ಎಲ್ಲ ಕಾಲದಲ್ಲೂ ಇದ್ದದ್ದೇ ಅಲ್ಲವೇ.

ಇನ್ನು ಲಾ ಕಾಲೇಜು ರಸ್ತೆ. ಪ್ರಭಾತ್ ಸ್ಟುಡಿಯೋ ಇದ್ದ ಜಾಗದಲ್ಲಿ 1960ರಲ್ಲಿ ಶುರುವಾದ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ 1974ರಲ್ಲಿ ನಿರ್ದೇಶಕರಾಗಿ ಬಂದವರು ಗಿರೀಶ ಕಾರ್ನಾಡ. ಆಗ ಅವರಿಗೆ 36 ವರ್ಷ ಇರಬೇಕು ಅಷ್ಟೇ. ಅವರ ಕಾಲದಲ್ಲಿ ನಟನೆಯ ವಿಭಾಗಕ್ಕೆ ಓಂ ಪುರಿ ಎಂಬ ಹುಡುಗ ಅರ್ಜಿ ಹಾಕಿದ. ಮುಖದ ತುಂಬ ಮೈಲಿಯ ಕಲೆ. ಇವನು ನಾಯಕನ ಹಾಗೂ ಇಲ್ಲ, ಖಳನ ಹಾಗೂ ಇಲ್ಲ, ತೆಗೆದುಕೊಂಡು ಏನು ಮಾಡುವುದು ಎಂದು ಆಯ್ಕೆ ಮಾಡುವವರಲ್ಲಿ ಕೆಲವರು ತಲೆ ಅಲ್ಲಾಡಿಸಿದರು. ಕಾರ್ನಾಡರು ಪಟ್ಟು ಹಿಡಿದು ತೆಗೆದುಕೊಂಡರು. ಅದೇ ಸಮಯಕ್ಕೆ ಅಲ್ಲಿ ಓದುತ್ತಿದ್ದ ನಸೀರುದ್ದೀನ್ ಷಾ ಆಡಳಿತದ ವಿರುದ್ಧ ಮುಷ್ಕರ ಹೂಡಿದವರು. ಅದೇ ಹುಡುಗನ ಹೆಸರನ್ನು ಶ್ಯಾಮ್ ಬೆನಗಲ್ ಅವರಿಗೆ 'ನಿಶಾಂತ್'ಗಾಗಿ ಹೇಳಿದವರೂ ಕಾರ್ನಾಡರೇ. ತನ್ನ ವಿರುದ್ಧ ಧರಣಿ ಕೂತವನಿಗೆ ಕೆಲಸ ಕೊಡಿಸುವ ಹೆಡ್‌ಮಾಸ್ತರನ್ನು ನಾನಂತೂ ಬೇರೆ ಎಲ್ಲೂ ಕೇಳಿಲ್ಲ.

ಇನ್‌ಸ್ಟಿಟ್ಯೂಟಿನಿಂದ ಹೊರಬಂದ ಹುಡುಗರು 'ಯುಕ್ತ್' ಎಂಬ ಸಹಕಾರಿ ಕೂಟ ಮಾಡಿಕೊಂಡು 1976ರಲ್ಲಿ 'ಘಾಶೀರಾಮ ಕೊತವಾಲ'ವನ್ನೇ ಸಿನಿಮಾ ಮಾಡಿದರು. ಘಾಶೀರಾಮನ ಪಾತ್ರ ಓಂ ಪುರಿಯದು. ಅಂದರೆ ಯಾರ ಮುಖ ಕ್ಯಾಮರಾಕ್ಕೆ ಆಗುವುದಿಲ್ಲ ಅಂದಿದ್ದರೋ, ಅವನ ಮುಖ ತೆರೆಗೆ ಬಂತು, ಅದೂ ಪುಣೆಯ ಪೊಲೀಸ್ ಅಧಿಕಾರಿಯಾಗಿ.

ಇದಾಗಿ ಏಳು ವರ್ಷಕ್ಕೆ, 1983ರಲ್ಲಿ, 'ಅರ್ಧಸತ್ಯ' ಬಂತು. ಕೇಳುಗರೇ, ಈ ಹಿಂದಿ ಸಿನಿಮಾದ ಬಗ್ಗೆ ನಾನು ಸ್ವಲ್ಪ ಹೆಚ್ಚು ಹೊತ್ತು ಮಾತಾಡುತ್ತೇನೆ. ಮೇಲಿಂದ ನೋಡಿದರೆ ಮುಂಬಯಿಯ ಕಥೆ. ಕೆದಕಿದರೆ ಕೆಳಗೆ ಪುಣೆ ಸಿಗುತ್ತದೆ, ಇನ್ನೂ ಕೆದಕಿದರೆ ಕರ್ನಾಟಕ ಸಿಗುತ್ತದೆ.

ನಿರ್ದೇಶಕ ಗೋವಿಂದ ನಿಹಲಾನಿ ಕರಾಚಿಯಲ್ಲಿ ಹುಟ್ಟಿದವರು. ಕ್ಯಾಮರಾ ಕಲಿತದ್ದು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ಆಮೇಲೆ ಕೈ ಪಳಗಿಸಿಕೊಂಡದ್ದು ಮೈಸೂರಿನ ವಿ.ಕೆ. ಮೂರ್ತಿಯವರ ಹತ್ತಿರ. ಗುರುದತ್ತರ ಸಿನಿಮಾಗಳಿಗೆ ಬೆಳಕು ಕೊಟ್ಟ, ಆಮೇಲೆ ಫಾಲ್ಕೆ ಪ್ರಶಸ್ತಿ ಪಡೆದ ಮೂರ್ತಿಯವರು. ಕಾರ್ನಾಡರ 'ಕಾಡು' ಸಿನಿಮಾಕ್ಕೆ ಕ್ಯಾಮರಾ ಹಿಡಿದವರೂ ಇದೇ ನಿಹಲಾನಿ. 'ಅರ್ಧಸತ್ಯ'ದ ಮೂಲ ಎಸ್.ಡಿ. ಪಾನವಲಕರ್ ಅವರ 'ಸೂರ್ಯ' ಎಂಬ ಮರಾಠಿ ಕಥೆ. ಚಿತ್ರಕಥೆ ತೆಂಡೂಲ್ಕರರದ್ದು. ಹೆಸರು ಬಂದದ್ದು ದಿಲೀಪ್ ಚಿತ್ರೆಯವರ ಕವಿತೆಯಿಂದ. ನಾಯಕಿ ಸ್ಮಿತಾ ಪಾಟೀಲ್ ಪುಣೆಯಲ್ಲೇ ಹುಟ್ಟಿದವರು. ತೆಂಡೂಲ್ಕರ್ 2008ರಲ್ಲಿ, ಚಿತ್ರೆ 2009ರಲ್ಲಿ ತೀರಿಕೊಂಡದ್ದೂ ಇದೇ ಊರಲ್ಲಿ.

ಹಣ ಹಾಕಿದವರು? ಮನಮೋಹನ ಶೆಟ್ಟಿ ಮತ್ತು ಪ್ರದೀಪ ಉಪ್ಪೂರ. ಹೆಸರುಗಳೇ ಊರು ಹೇಳುತ್ತವೆ, ನಾನು ಬಿಡಿಸಿ ಹೇಳಬೇಕಾಗಿಲ್ಲ. ಈಗ ತಮಾಷೆ ಕೇಳಿ. ಸಿನಿಮಾದ ಖಳನ ಹೆಸರೂ ಶೆಟ್ಟಿ, ರಾಮಾ ಶೆಟ್ಟಿ! ಆ ಪಾತ್ರ ಮಾಡಿದ ಸದಾಶಿವ ಅಮರಾಪುರಕರ್ ಅಹಮದನಗರದ ಅಪ್ಪಟ ಮರಾಠಿ ನಟ. ಎಂಬತ್ತರ ದಶಕದಲ್ಲಿ ಮುಂಬಯಿ ಪುಣೆಯ ಎಷ್ಟೋ ಹೋಟೆಲಿನ ಗಲ್ಲಾದ ಮೇಲೆ ಕೂತಿದ್ದ ನಮ್ಮ ಕರಾವಳಿಯವರಿಗೆ ತೆರೆಯ ಮೇಲೆ ಈ ಹೆಸರು ಕೇಳಿ ಏನನಿಸಿತೋ. ನಿರ್ಮಾಪಕ ಶೆಟ್ಟರು ಮಾತ್ರ ನಕ್ಕು ಸುಮ್ಮನಿದ್ದರೆಂದು ಕಾಣುತ್ತದೆ, ಹೆಸರು ಬದಲಾಗಲಿಲ್ಲ!

ಕಥೆ ಹೀಗಿದೆ. ಅನಂತ ವೇಲಣಕರ ಮುಂಬಯಿಯ ಸಬ್ ಇನ್‌ಸ್ಪೆಕ್ಟರ್. ಅವನಿಗೆ ಮುಂದೆ ಓದಬೇಕಾಗಿತ್ತು. ಅಪ್ಪ, ಅಂದರೆ ಅಮರೀಶ್ ಪುರಿ, ಪೊಲೀಸಿನಿಂದ ರಿಟೈರ್ ಆದವನು, ಹೊಡೆದು ಬಡಿದು ಮಗನನ್ನೂ ಅದೇ ಕೆಲಸಕ್ಕೆ ದೂಡಿದ್ದಾನೆ. ಆ ಅಪ್ಪ ಅಮ್ಮನನ್ನು ಹೊಡೆಯುವುದನ್ನು ನೋಡುತ್ತ ಏನೂ ಮಾಡಲಾಗದೆ ಬೆಳೆದ ಹುಡುಗ ಇವನು. ಇಂಗ್ಲೆಂಡಿನ ಆ ಪೊಲೀಸನ ಹೆಂಡತಿಯ ಕಪ್ಪುಗಟ್ಟಿದ ಕಣ್ಣು ನೆನಪಿದೆಯಲ್ಲ? ನಿಹಲಾನಿಯವರು ಅದನ್ನು ನೋಡಿದ್ದರೋ ಇಲ್ಲವೋ, ಮನೆಯೊಳಗಿನ ಪೆಟ್ಟೇ ಠಾಣೆಯ ಪೆಟ್ಟಾಗಿ ಹೊರಬರುತ್ತದೆ ಎಂಬುದನ್ನು ಎರಡೂ ಕಡೆಯವರು ಕಂಡುಕೊಂಡಿದ್ದರು.

ರಾಮಾ ಶೆಟ್ಟಿಯ ಜನರನ್ನು ವೇಲಣಕರ ಹಿಡಿದು ತರುತ್ತಾನೆ. ಮೇಲಿಂದ ಫೋನು ಬರುತ್ತದೆ, ಬಿಡಬೇಕಾಗುತ್ತದೆ. ಜೀವದ ಹಂಗು ತೊರೆದು ಬೆಟ್ಟದಲ್ಲಿ ಒಬ್ಬ ಡಕಾಯಿತನನ್ನು ಹಿಡಿಯುತ್ತಾನೆ. ಮೆಚ್ಚುಗೆ ಬೇರೊಬ್ಬ ಅಧಿಕಾರಿಗೆ ಹೋಗುತ್ತದೆ. ಆ ದಿನದಿಂದ ಅವನ ಕುಡಿತ ಹೆಚ್ಚುತ್ತದೆ. ಒಂದು ರಾತ್ರಿ ಠಾಣೆಯಲ್ಲಿ ಒಬ್ಬ ಚಿಲ್ಲರೆ ಕಳ್ಳನನ್ನು ಹೊಡೆಯುತ್ತ ಹೋಗುತ್ತಾನೆ, ನಿಲ್ಲಿಸುವುದೇ ಇಲ್ಲ. ಆ ಬಡಪಾಯಿ ಕದ್ದದ್ದು ಏನು ಗೊತ್ತೇ? ಒಂದು ಟ್ರಾನ್ಸಿಸ್ಟರ್ ರೇಡಿಯೋ. ನಮ್ಮ ನಿಮ್ಮ ನಡುವೆ ಇರುವ ಈ ಸಣ್ಣ ಪೆಟ್ಟಿಗೆಯಂಥದ್ದೇ. ಲಾಕಪ್‌ನಲ್ಲಿ ಅವನು ಸಾಯುತ್ತಾನೆ. ವೇಲಣಕರನನ್ನು ಸಸ್ಪೆಂಡ್ ಮಾಡುತ್ತಾರೆ. ಉಳಿಸಿಕೊಳ್ಳಲು ಅವನು ಹೋಗಿ ನಿಲ್ಲಬೇಕಾದದ್ದು ಯಾರ ಬಾಗಿಲಲ್ಲಿ? ಅದೇ ರಾಮಾ ಶೆಟ್ಟಿಯ ಬಾಗಿಲಲ್ಲಿ. ಮುಂದೇನಾಯಿತು ಎಂದು ನೋಡದವರಿಗಾಗಿ ಹೇಳದೆ ಬಿಡುತ್ತೇನೆ.

ಘಾಶೀರಾಮನೂ ಮುಳುಗಿದ್ದು ಲಾಕಪ್ ಸಾವಿನಿಂದ, ವೇಲಣಕರನೂ ಮುಳುಗಿದ್ದು ಲಾಕಪ್ ಸಾವಿನಿಂದ. ಬರೆದವರು ಇಬ್ಬರಿಗೂ ಒಬ್ಬರೇ, ಆಡಿದವರೂ ಒಬ್ಬರೇ. ನಡುವೆ ಹರಿದದ್ದು ಸುಮಾರು ಇನ್ನೂರು ವರ್ಷ. ಕೊತವಾಲಿಕೆ ಹೋಗಿ ಪೊಲೀಸ್ ಸ್ಟೇಷನ್ ಬಂದಿದೆ, ನಾನಾ ಹೋಗಿ ಚುನಾವಣೆಗೆ ನಿಲ್ಲುವ ರಾಮಾ ಶೆಟ್ಟಿ ಬಂದಿದ್ದಾನೆ.

ಈಗ ಪದಕಗಳ ಲೆಕ್ಕ. 1983ನೇ ಸಾಲಿನ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ 'ಅರ್ಧಸತ್ಯ' ಶ್ರೇಷ್ಠ ಹಿಂದಿ ಚಿತ್ರ, ಓಂ ಪುರಿ ಶ್ರೇಷ್ಠ ನಟ. ಅವರಿಗೆ ಅದು ಎರಡನೆಯದು, ಮೊದಲನೆಯದು ಬೆನಗಲ್ ಅವರ 'ಆರೋಹಣ'ಕ್ಕೆ ಬಂದಿತ್ತು. (ಅದೇ ವರ್ಷ ದೇಶದ ಶ್ರೇಷ್ಠ ಚಿತ್ರವಾಗಿ ಸ್ವರ್ಣಕಮಲ ಪಡೆದದ್ದು ನಮ್ಮ ಜಿ.ವಿ. ಅಯ್ಯರ್ ಅವರ ಸಂಸ್ಕೃತ ಸಿನಿಮಾ 'ಆದಿ ಶಂಕರಾಚಾರ್ಯ'. ಒಂದು ಕಡೆ ಸನ್ಯಾಸಿ, ಇನ್ನೊಂದು ಕಡೆ ಸಬ್ ಇನ್‌ಸ್ಪೆಕ್ಟರ್!) ಫಿಲ್ಮ್‌ಫೇರ್‌ನಲ್ಲಿ ಐದು: ಚಿತ್ರ, ನಿರ್ದೇಶನ, ಕಥೆ, ಚಿತ್ರಕಥೆ, ಪೋಷಕ ನಟ. ಪೋಷಕ ನಟ ಅಂದರೆ ಅಮರಾಪುರಕರ್. 1984ರಲ್ಲಿ ಆಗಿನ ಚೆಕೊಸ್ಲೊವಾಕಿಯಾದ ಕಾರ್ಲೋವಿ ವಾರಿ ಉತ್ಸವದಲ್ಲಿ ಓಂ ಪುರಿಗೆ ಶ್ರೇಷ್ಠ ನಟ ಪ್ರಶಸ್ತಿ.

ಆದರೆ ಫಿಲ್ಮ್‌ಫೇರ್‌ನ ಶ್ರೇಷ್ಠ ನಟ ಪ್ರಶಸ್ತಿ ಆ ವರ್ಷ ಓಂ ಪುರಿಗೆ ಬರಲಿಲ್ಲ. 'ಮಾಸೂಮ್' ಚಿತ್ರಕ್ಕಾಗಿ ನಸೀರುದ್ದೀನ್ ಷಾಗೆ ಹೋಯಿತು. ಅದೇ ನಸೀರ್ 'ಅರ್ಧಸತ್ಯ'ದಲ್ಲಿ ಲೋಬೋ ಎಂಬ ಪಾತ್ರ ಮಾಡಿದ್ದಾರೆ, ಕೆಲಸದಿಂದ ಸಸ್ಪೆಂಡ್ ಆಗಿ ಬೀದಿಯಲ್ಲಿ ಕುಡಿದು ಅಲೆಯುವ ಪೊಲೀಸ್ ಅಧಿಕಾರಿ. ಕೆಲವೇ ನಿಮಿಷದ ಪಾತ್ರ. ವೇಲಣಕರ ಲೋಬೋನನ್ನು ನೋಡುವಾಗ ನಾಳಿನ ತನ್ನನ್ನೇ ನೋಡುತ್ತಾನೆ. ಮಾಸೂಮ್ ಒಳ್ಳೆಯ ಸಿನಿಮಾ, ನಸೀರ್ ದೊಡ್ಡ ನಟ, ನನ್ನ ತಕರಾರಿಲ್ಲ. ಆದರೂ ಇಂದು ಎರಡನ್ನೂ ಪಕ್ಕದಲ್ಲಿಟ್ಟು ನೋಡಿದರೆ ಆ ವರ್ಷ ತೀರ್ಪು ಕೊಟ್ಟವರ ಕಣ್ಣು ಎಲ್ಲಿತ್ತು ಎಂದು ಕೇಳಬೇಕೆನಿಸುತ್ತದೆ.

ಈ ಪದಕದ ಮಾತು ನನಗೆ ಬೇರೆ ರೀತಿಯಲ್ಲಿ ಅರ್ಥವಾದದ್ದು ನಮ್ಮ ವಠಾರದ ಒಬ್ಬ ಹಿರಿಯರಿಂದ. ಅಕ್ಕಲಕೋಟೆ ಕಡೆಯವರು, ಮನೆಮಾತು ಕನ್ನಡ, ಠಾಣೆಯಲ್ಲಿ ಮರಾಠಿ, ಹವಾಲ್ದಾರರಾಗಿ ರಿಟೈರ್ ಆದವರು. ನಾವೆಲ್ಲ ಅವರನ್ನು ಕಾಕಾ ಎನ್ನುತ್ತಿದ್ದೆವು. ಒಮ್ಮೆ ಟಿವಿಯಲ್ಲಿ 'ಅರ್ಧಸತ್ಯ' ಬಂದಾಗ ನಮ್ಮ ಮನೆಗೆ ನೋಡಲು ಬಂದರು. ಹೊಡೆಯುವ ದೃಶ್ಯ ಬಂದಾಗ ಎದ್ದು ಹೋಗುತ್ತಾರೇನೋ ಎಂದು ನಮಗೆ ಅಳುಕು. ಅವರು ಅಲ್ಲಾಡಲಿಲ್ಲ. ಡಕಾಯಿತನನ್ನು ಹಿಡಿದ ಕೀರ್ತಿ ಇನ್ನೊಬ್ಬನ ಪಾಲಾದಾಗ ಮಾತ್ರ ತಲೆಯ ಮೇಲಿನ ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡರು.

"ಕಾಕಾ, ಹೀಗೆಲ್ಲ ಆಗತದೇನ್ರಿ?" ಎಂದು ನಾನು ಕೇಳಿದೆ.

"ಬಡಿಯೋದು ತಪ್ಪು, ಅದಕ್ಕ ಅಂವಗ ಶಿಕ್ಷಾ ಆಗಬೇಕು, ಅದರಾಗ ಎರಡ ಮಾತಿಲ್ಲ. ಆದ್ರ ಈ ಮೆಡಲಿಂದು ಹಾಕ್ಯಾರಲ್ಲ, ಇದು ಯಾರೋ ಒಳಗಿನಾಂವ ಹೇಳಿರಬೇಕು ನೋಡ್ರಿ. ಹೊರಗಿನವ್ರಿಗೆ ಇದು ಗೊತ್ತಾಗಂಗಿಲ್ಲ" ಎಂದರು.

ತಮ್ಮ ಕಥೆ ಏನೂ ಹೇಳಲಿಲ್ಲ. ನಾನೂ ಕೆದಕಲಿಲ್ಲ. ಚಹಾ ಕುಡಿದು ಎದ್ದು ಹೋದರು.

ಕಾಕಾ ಹೇಳಿದ ಎರಡು ಮಾತನ್ನೂ ಒಟ್ಟಿಗೆ ಹಿಡಿದುಕೊಳ್ಳುವುದು ಸುಲಭವಲ್ಲ. ಹೊಡೆದವನಿಗೆ ಶಿಕ್ಷೆಯಾಗಬೇಕು ಎನ್ನುವವರು ಅವನಿಗಾದ ಅನ್ಯಾಯ ಕೇಳುವುದಿಲ್ಲ. ಅವನ ಅನ್ಯಾಯಕ್ಕೆ ಮರುಗುವವರು ಸತ್ತವನನ್ನು ಮರೆಯುತ್ತಾರೆ. ಆ ಟ್ರಾನ್ಸಿಸ್ಟರ್ ಕಳ್ಳನ ಹೆಸರು ನಿಮಗೆ ಯಾರಿಗಾದರೂ ನೆನಪಿದೆಯೇ? ನನಗೆ ಇಲ್ಲ. ವೇಲಣಕರನ ಹೆಸರು ಮಾತ್ರ ನಮ್ಮೆಲ್ಲರಿಗೂ ಬಾಯಿಪಾಠ.

ಇಲ್ಲಿಗೆ ಇಂಗ್ಲೆಂಡು ಮತ್ತೆ ಬರುತ್ತದೆ. ಕಾರ್ಲೋವಿ ವಾರಿಯಲ್ಲಿ ಓಂ ಪುರಿ ಪ್ರಶಸ್ತಿ ಪಡೆದ 1984ರಲ್ಲೇ ಬ್ರಿಟನ್ನಿನ ಐಟಿವಿಯಲ್ಲಿ 'ದ ಜ್ಯೂಯಲ್ ಇನ್ ದ ಕ್ರೌನ್' ಎಂಬ ಹದಿನಾಲ್ಕು ಕಂತಿನ ಧಾರಾವಾಹಿ ಬಂತು. ಪಾಲ್ ಸ್ಕಾಟ್ ಅವರ ಕಾದಂಬರಿಗಳ ಮೇಲಿನದು, 1942ರಿಂದ ಶುರುವಾಗುವ ಭಾರತದ ಕಥೆ. ಅದನ್ನು ಪೊಲೀಸ್ ಧಾರಾವಾಹಿ ಎಂದು ಯಾರೂ ಕರೆಯುವುದಿಲ್ಲ, ಆದರೆ ಅದರ ನಡುಗಂಬ ಒಬ್ಬ ಪೊಲೀಸ್ ಅಧಿಕಾರಿ: ರೊನಾಲ್ಡ್ ಮೆರಿಕ್, ಜಿಲ್ಲೆಯ ಪೊಲೀಸ್ ಸೂಪರಿಂಟೆಂಡೆಂಟ್. ತನ್ನ ಜಾತಿಯ ಸಾಹೇಬರ ನಡುವೆಯೇ ಕೆಳಗಿನವನು ಎನಿಸಿಕೊಂಡವನು. ಆ ಉರಿಯನ್ನೆಲ್ಲ ಹರಿಕುಮಾರ ಎಂಬ ಭಾರತೀಯ ಹುಡುಗನ ಮೇಲೆ ಠಾಣೆಯ ಕೋಣೆಯಲ್ಲಿ ತೀರಿಸಿಕೊಳ್ಳುತ್ತಾನೆ. ಮತ್ತೆ ಅದೇ ಲಾಕಪ್! ಘಾಶೀರಾಮನ ಅವಮಾನ, ವೇಲಣಕರನ ಅವಮಾನ, ಮೆರಿಕ್‌ನ ಅವಮಾನ. ಮೂವರೂ ಅದನ್ನು ತಮಗಿಂತ ಕೈಲಾಗದವನ ಬೆನ್ನಿನ ಮೇಲೆ ಇಳಿಸಿದರು.

1985ರಲ್ಲಿ ಆ ಧಾರಾವಾಹಿಗೆ ಬಾಫ್ಟಾ ಬಂತು. ಮೆರಿಕ್ ಪಾತ್ರ ಮಾಡಿದ ಟಿಮ್ ಪಿಗಟ್ ಸ್ಮಿತ್‌ಗೆ ಶ್ರೇಷ್ಠ ನಟ ಪ್ರಶಸ್ತಿ. ಅದರಲ್ಲಿ ಡಿಸೋಜಾ ಎಂಬ ಸಣ್ಣ ಪಾತ್ರದಲ್ಲಿ ನಮ್ಮ ಓಂ ಪುರಿಯೂ ಇದ್ದಾರೆ, ನೋಡಿದವರು ಗುರುತಿಸಿರಬಹುದು. ಮುಂದೆ ಬ್ರಿಟಿಷರೇ 1999ರ 'ಈಸ್ಟ್ ಈಸ್ ಈಸ್ಟ್' ಸಿನಿಮಾಕ್ಕೆ ಅವರನ್ನು ಬಾಫ್ಟಾದ ಶ್ರೇಷ್ಠ ನಟರ ಪಟ್ಟಿಗೆ ಸೇರಿಸಿದರು, 2004ರಲ್ಲಿ ಓಬಿಇ ಎಂಬ ಗೌರವ ಕೊಟ್ಟರು. ಅಲ್ಲೂ ಅವರು ಮಾಡಿದ್ದು ಹೆಂಡತಿ ಮಕ್ಕಳ ಮೇಲೆ ಕೈ ಎತ್ತುವ ಅಪ್ಪನ ಪಾತ್ರ.

ಹಾಗಾದರೆ ಕನ್ನಡದಲ್ಲಿ? ನಮ್ಮಲ್ಲಿ ಪೊಲೀಸ್ ಅಂದಕೂಡಲೇ ಶಂಕರ್ ನಾಗ್ ನೆನಪಾಗುತ್ತಾರೆ. 1988ರ 'ಸಾಂಗ್ಲಿಯಾನ', ಬೆಂಗಳೂರಿನಲ್ಲಿ ಹೆಸರು ಮಾಡಿದ್ದ ಎಚ್.ಟಿ. ಸಾಂಗ್ಲಿಯಾನ ಎಂಬ ನಿಜವಾದ ಅಧಿಕಾರಿಯ ಹೆಸರು ಹೊತ್ತ ಸಿನಿಮಾ. 1996ರಲ್ಲಿ ಸಾಯಿಕುಮಾರ್ ಅವರ 'ಪೊಲೀಸ್ ಸ್ಟೋರಿ'. ಆ ಡೈಲಾಗು ಕೇಳಿ ಥಿಯೇಟರಿನಲ್ಲಿ ಚಿಲ್ಲರೆ ಕಾಸು ಎಸೆದವರಲ್ಲಿ ಈ ಕಾರ್ಯಕ್ರಮ ಕೇಳುವವರೂ ಇದ್ದೀರಿ, ಸುಳ್ಳು ಹೇಳಬೇಡಿ! ಇವನ್ನು ನಾನು ಹಗುರವಾಗಿ ಕಾಣುವುದಿಲ್ಲ. ಠಾಣೆಯ ಮೆಟ್ಟಿಲು ಹತ್ತಲು ಹೆದರುವ ಜನಕ್ಕೆ, ತಮ್ಮ ಪರವಾಗಿ ಸಿಟ್ಟಾಗುವ ಒಬ್ಬ ಪೊಲೀಸ್ ಬೇಕಾಗಿತ್ತು, ತೆರೆಯ ಮೇಲಾದರೂ. ಆದರೆ ಶಂಕರ್ ನಾಗ್ ಅವರಿಗೆ ನಟನೆಗಾಗಿ ಅಂತಾರಾಷ್ಟ್ರೀಯ ಪ್ರಶಸ್ತಿ ಬಂದದ್ದು ಯಾವುದಕ್ಕೆ? ಕಾರ್ನಾಡರ 'ಒಂದಾನೊಂದು ಕಾಲದಲ್ಲಿ' ಚಿತ್ರದ ಬಾಡಿಗೆ ಸೈನಿಕನ ಪಾತ್ರಕ್ಕೆ, ದೆಹಲಿಯ ಚಿತ್ರೋತ್ಸವದಲ್ಲಿ. ಮುಂಬಯಿಯ ಮರಾಠಿ ರಂಗಭೂಮಿಯಲ್ಲಿ ಪಳಗಿದ ಆ ಹುಡುಗನ ಕೈಯಲ್ಲಿ ಒಬ್ಬ ವೇಲಣಕರನನ್ನು ಮಾಡಿಸಬಹುದಿತ್ತು. ಮಾಡಿಸುವವರು ಬರಲಿಲ್ಲ, 1990ರಲ್ಲಿ ಅವರೇ ಹೋಗಿಬಿಟ್ಟರು.

ಹಡಪಸರದ ಗೆಳೆಯರಿಗೆ ಇನ್ನೊಂದು ಮಾತು. ನಮ್ಮ ಪೊಲೀಸ್ ಧಾರಾವಾಹಿಗೂ ಹೊರಗಿನ ದೊಡ್ಡ ಪ್ರಶಸ್ತಿ ಬಂದಿದೆ. 2020ರ ನವೆಂಬರ್‌ನಲ್ಲಿ ರಿಚೀ ಮೆಹ್ತಾ ಅವರ 'ಡೆಲ್ಲಿ ಕ್ರೈಮ್' ಅಂತಾರಾಷ್ಟ್ರೀಯ ಎಮ್ಮಿಯ ಶ್ರೇಷ್ಠ ಧಾರಾವಾಹಿ ಪ್ರಶಸ್ತಿ ಪಡೆಯಿತು. ಆ ಪ್ರಶಸ್ತಿ ಭಾರತಕ್ಕೆ ಬಂದದ್ದು ಅದೇ ಮೊದಲು. 2012ರ ಡಿಸೆಂಬರ್‌ನಲ್ಲಿ ದೆಹಲಿಯ ಬಸ್ಸಿನಲ್ಲಿ ನಡೆದ ಘೋರ ಕೃತ್ಯದ ತನಿಖೆಯ ಕಥೆ, ಶೆಫಾಲಿ ಷಾ ಅದರಲ್ಲಿ ಡಿಸಿಪಿ. ಚೆನ್ನಾಗಿದೆ, ನೋಡಿ. ನಿದ್ದೆಗೆಟ್ಟ ಪೊಲೀಸರು, ಕರೆಂಟ್ ಹೋಗುವ ಠಾಣೆ, ಇಲ್ಲದ ಪೆಟ್ರೋಲು, ಎಲ್ಲ ಇದೆ. ಆದರೂ ನನಗೆ ಒಂದು ಕೊರತೆ ಕಂಡಿತು. ಅಲ್ಲಿ ಕಥೆ ಬಹಳ ಮಟ್ಟಿಗೆ ಪೊಲೀಸರ ಕಡೆಯಿಂದಲೇ ಹೇಳಿದ್ದು. ಲಾಕಪ್ಪಿನ ಬಾಗಿಲು ಅವರ ಕೈಯಲ್ಲಿದ್ದಾಗ ಏನಾಗಬಹುದು ಎಂಬ ಪ್ರಶ್ನೆ ಪಕ್ಕಕ್ಕೆ ಸರಿಯುತ್ತದೆ. ತೆಂಡೂಲ್ಕರರು ಬರೆದಿದ್ದರೆ ಅದನ್ನು ಸರಿಯಲು ಬಿಡುತ್ತಿರಲಿಲ್ಲ.

ಕಡೆಗೆ ಒಂದು ಸುದ್ದಿ, ನಿಮ್ಮಲ್ಲಿ ಸಿನಿಮಾದ ಹುಚ್ಚಿರುವವರಿಗೆ. ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಇರುವುದೂ ನಮ್ಮ ಲಾ ಕಾಲೇಜು ರಸ್ತೆಯಲ್ಲೇ, 1964ರಿಂದ. ಆದರೆ ಆ ಹುಡುಗರು ಮಾಡಿದ 'ಘಾಶೀರಾಮ ಕೊತವಾಲ' ಸಿನಿಮಾ ಉಳಿದುಕೊಂಡದ್ದು ಇಲ್ಲಲ್ಲ. ಬರ್ಲಿನ್ನಿನ ಉತ್ಸವಕ್ಕೆ ಹೋಗಿದ್ದ ಪ್ರತಿ ಅಲ್ಲಿನ ಆರ್ಸೆನಾಲ್ ಸಂಸ್ಥೆಯ ಭಂಡಾರದಲ್ಲಿ ಇತ್ತು, ಅದರಿಂದಲೇ ಮತ್ತೆ ನೋಡುವ ಹಾಗಾಯಿತು. ಪುಣೆಯ ಕೊತವಾಲ, ಪುಣೆಯ ಹುಡುಗರು, ಪ್ರತಿ ಮಾತ್ರ ಜರ್ಮನಿಯಲ್ಲಿ. ಸಿಕ್ಕರೆ ನೋಡಿ. ಓಂ ಪುರಿಗೆ ಆಗಿನ್ನೂ ಇಪ್ಪತ್ತೈದು ಇಪ್ಪತ್ತಾರು ವಯಸ್ಸು. ಕೊನೆಯಲ್ಲಿ ಊರೆಲ್ಲ ಅವನ ಮೇಲೆ ತಿರುಗಿಬೀಳುವಾಗ ಆ ಮುಖವನ್ನು ಹತ್ತಿರದಿಂದ ನೋಡಿ, ಯಾವ ಮುಖವನ್ನು ಬೇಡ ಎಂದಿದ್ದರೋ ಅದನ್ನು.

'ಅರ್ಧಸತ್ಯ' ಥಿಯೇಟರಿನಲ್ಲಿ ನೋಡಿದವರು, ಅಥವಾ ಮನೆಯಲ್ಲಿ ಯಾರಾದರೂ ಪೊಲೀಸ್ ಕೆಲಸದಲ್ಲಿದ್ದು ಇದನ್ನು ನೋಡಿದವರು ಇದ್ದರೆ ಬರೆಯಿರಿ. ಹೆಸರು ಹಾಕಬೇಡಿ ಎಂದರೆ ಹಾಕುವುದಿಲ್ಲ. ಮುಂದಿನ ವಾರ ಇದೇ 'ಘಾಶೀರಾಮ'ದ ಸಂಗೀತ, ಚಂದಾವರಕರ್ ಅವರ ಕನ್ನಡ ಹಾಡುಗಳ ಜೊತೆ. ನಮಸ್ಕಾರ.